ಚಿಕ್ಕ ಪ್ರಶ್ನೆಗಳ ಲ್ಯಾರಿ ಕಿಂಗ್

ಆಸ್ಪತ್ರೆಯ ಫಾರ್ಮಸಿ ಕೌಂಟರಿನಲ್ಲಿ ನಿಲ್ಲುವ ನಮಗೆ ಒಂದು ವಿಷಯ ಚೆನ್ನಾಗಿ ಗೊತ್ತು. "ಮಾತ್ರೆ ಸರಿಯಾಗಿ ತಗೊಳ್ತಿದ್ದೀರಲ್ಲ?" ಎಂದರೆ ಎಲ್ಲರೂ "ಹೌದು" ಎನ್ನುತ್ತಾರೆ. "ಹೇಗೆ ತಗೊಳ್ತೀರಿ?" ಎಂದು ಕೇಳಿ ಸುಮ್ಮನೆ ಕಾದರೆ ನಿಜ ಹೊರಬರುತ್ತದೆ. ಹೀಗೆ ಕೇಳಿ ಕಾಯುವುದನ್ನೇ ಐವತ್ತು ವರ್ಷಕ್ಕೂ ಹೆಚ್ಚು ಕಾಲ ಕಸುಬಾಗಿ ಮಾಡಿಕೊಂಡವರು ಅಮೆರಿಕದ ಲ್ಯಾರಿ ಕಿಂಗ್.

ಅವರ ಮೂಲ ಹೆಸರು ಲಾರೆನ್ಸ್ ಝೈಗರ್. 1933ರಲ್ಲಿ ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿ, ಯುರೋಪಿನಿಂದ ವಲಸೆ ಬಂದ ಯಹೂದಿ ಮನೆಯಲ್ಲಿ ಹುಟ್ಟಿದರು. ಒಂಬತ್ತನೇ ವಯಸ್ಸಿನಲ್ಲಿದ್ದಾಗ ತಂದೆ ಹೃದಯಾಘಾತದಿಂದ ತೀರಿಕೊಂಡರು. ಸಂಸಾರ ಸರ್ಕಾರಿ ನೆರವಿನಲ್ಲಿ ಸಾಗಿತು. ಕಾಲೇಜಿನ ಮೆಟ್ಟಿಲು ಹತ್ತಲಾಗಲಿಲ್ಲ. ರೇಡಿಯೋ ಹುಚ್ಚಿನಿಂದ ಮಿಯಾಮಿಗೆ ಹೋಗಿ, ಸಣ್ಣ ನಿಲಯವೊಂದರಲ್ಲಿ ಕಸ ಗುಡಿಸುವಂಥ ಚಿಲ್ಲರೆ ಕೆಲಸಕ್ಕೂ ಸೇರಿದರು. 1957ರ ಮೇ 1ರಂದು ಮೈಕ್ ಸಿಕ್ಕಿತು. ಝೈಗರ್ ಎಂಬ ಹೆಸರು ನಡೆಯುವುದಿಲ್ಲ ಎಂದರು ವ್ಯವಸ್ಥಾಪಕರು. ಪ್ರಸಾರಕ್ಕೆ ಕೆಲವೇ ನಿಮಿಷ ಮೊದಲು, ಪತ್ರಿಕೆಯ ಜಾಹೀರಾತೊಂದರಿಂದ 'ಕಿಂಗ್' ಬಂತು ಎಂದು ಅವರೇ ಹೇಳಿಕೊಂಡಿದ್ದಾರೆ.

ದಾರಿ ಸಲೀಸಾಗಿರಲಿಲ್ಲ. 1971ರಲ್ಲಿ ಹಣದ ವ್ಯವಹಾರವೊಂದರಲ್ಲಿ ಬಂಧನವಾಯಿತು. ಮೊಕದ್ದಮೆ ಬಿದ್ದುಹೋದರೂ ಕೆಲಸ ಹೋಗಿ, ಕೆಲವು ವರ್ಷ ಮೂಲೆಗುಂಪಾದರು. 1978ರಲ್ಲಿ ದೇಶವ್ಯಾಪಿ ರಾತ್ರಿ ರೇಡಿಯೋ ಕಾರ್ಯಕ್ರಮ, 1985ರಲ್ಲಿ ಸಿಎನ್ಎನ್‌ನ 'ಲ್ಯಾರಿ ಕಿಂಗ್ ಲೈವ್' ಅವರನ್ನು ಮತ್ತೆ ಎತ್ತಿ ನಿಲ್ಲಿಸಿದವು. ಆ ಕಾರ್ಯಕ್ರಮ 2010ರ ಡಿಸೆಂಬರ್‌ವರೆಗೆ, 25 ವರ್ಷ ನಡೆಯಿತು.

ಅತಿಥಿ ಬರೆದ ಪುಸ್ತಕವನ್ನು ಅವರು ಬೇಕೆಂದೇ ಓದುತ್ತಿರಲಿಲ್ಲ. ನೋಡುಗರಂತೆ ತಾವೂ ಹೊಸದಾಗಿ ಕೇಳಬೇಕೆಂಬ ಹಟ. ಪ್ರಶ್ನೆಗಳು ಮೆದು ಎಂದು ಟೀಕಿಸಿದವರೂ ಇದ್ದರು. ಆದರೆ 1992ರ ಫೆಬ್ರವರಿಯಲ್ಲಿ ಉದ್ಯಮಿ ರಾಸ್ ಪೆರೋ ಚುನಾವಣೆಗೆ ನಿಲ್ಲುವುದಿಲ್ಲ ಎಂದಾಗ ಕಿಂಗ್ ಅಲ್ಲಿಗೇ ಬಿಡಲಿಲ್ಲ. ಅದೇ ಪ್ರಶ್ನೆಯನ್ನು ತಿರುಗಿಸಿ ತಿರುಗಿಸಿ ಕೇಳಿದರು. ಕೊನೆಗೆ ಪೆರೋ, 50 ರಾಜ್ಯಗಳಲ್ಲೂ ಜನರೇ ತಮ್ಮ ಹೆಸರನ್ನು ಮತಪತ್ರಕ್ಕೆ ಸೇರಿಸಿದರೆ ನಿಲ್ಲುವುದಾಗಿ ಒಪ್ಪಿದರು. ಆ ವರ್ಷ ನಿಂತು, ಶೇ. 19ರಷ್ಟು ಮತ ಪಡೆದರು.

ಎಲ್ಲರನ್ನೂ ಕೇಳುತ್ತಿದ್ದ ಕಿಂಗ್ ತಮ್ಮ ಎದೆಯನ್ನು ಮಾತ್ರ ಕೇಳಿರಲಿಲ್ಲ. ದಿನಕ್ಕೆ ಮೂರು ಪ್ಯಾಕ್ ಸಿಗರೇಟು! ತಂದೆಯ ಕಾಯಿಲೆ ಗೊತ್ತಿದ್ದೂ ಬಿಡಲಿಲ್ಲ. 1987ರಲ್ಲಿ, 53ನೇ ವಯಸ್ಸಿನಲ್ಲಿ ಹೃದಯಾಘಾತವಾಯಿತು. ಅದೇ ವರ್ಷ ಬೈಪಾಸ್ ಶಸ್ತ್ರಚಿಕಿತ್ಸೆ. ಸಿಗರೇಟು ಬಿಟ್ಟರು. ಮರುವರ್ಷ, ಹೃದಯ ಚಿಕಿತ್ಸೆಗೆ ಹಣವಿಲ್ಲದವರಿಗಾಗಿ ಪ್ರತಿಷ್ಠಾನ ಕಟ್ಟಿದರು. ಆಮೇಲೆ 33 ವರ್ಷ ಬದುಕಿ, 2021ರ ಜನವರಿಯಲ್ಲಿ, 87ನೇ ವಯಸ್ಸಿನಲ್ಲಿ ತೀರಿಕೊಂಡರು.

ಎದೆ ಉರಿ, ಗ್ಯಾಸಿನ ಮಾತ್ರೆ ಕೊಡಿ ಎಂದು ಬರುವ ನಮ್ಮವರನ್ನು ಕಂಡಾಗ ನಮಗೆ ಅವರ ನೆನಪಾಗುತ್ತದೆ. ಊರಿಗೆ ಫೋನ್ ಮಾಡಿ "ಆರಾಮಿದ್ದೀನಿ" ಅನ್ನುವವರೂ ಇವರೇ. ರೂಮಿನಲ್ಲಿ ಪಕ್ಕದ ಮಂಚದ ಅಣ್ಣ ಎದೆ ಹಿಡಿದು ಕೂತರೆ "ಹುಷಾರಾಗಿದ್ದೀಯಾ?" ಎಂದಷ್ಟೇ ಕೇಳಿ ಮಲಗಬೇಡಿ. ಎಲ್ಲಿ ನೋವು? ಯಾವಾಗಿನಿಂದ? ಕೈಗೂ, ದವಡೆಗೂ ಬರುತ್ತಿದೆಯೇ? ಬೆವರುತ್ತಿದೆಯೇ? ಹೌದು ಅಂದರೆ ಬೆಳಗಿನ ಡ್ಯೂಟಿಯ ಲೆಕ್ಕ ಬಿಟ್ಟು, ಕೂಡಲೇ ಆಂಬುಲೆನ್ಸ್ ಕರೆಯಿರಿ.