ಆಲಿಕಲ್ಲಿನ ಬಿಸ್ಕತ್ತು

ಹಾಲೆಂಡಿನಿಂದ ರಜೆಗೆ ಬಂದ ಸೊಸೆ ನನಗೆ ‘ಯಾನ್ ಹಾಗೆಲ್’ ಮಾಡಲು ಕಲಿಸಿದಳು. ಮೈದಾ, ಬೆಣ್ಣೆ, ಸಕ್ಕರೆ, ದಾಲ್ಚಿನ್ನಿ ಪುಡಿ ಕಲಸಿ ಟ್ರೇಯಲ್ಲಿ ತೆಳ್ಳಗೆ ಲಟ್ಟಿಸಬೇಕು. ಮೇಲೆ ಬಾದಾಮಿ ಚೂರು, ದಪ್ಪ ಸಕ್ಕರೆ. ಅವರು ಸವರುವ ಮೊಟ್ಟೆಯ ಬದಲು ನಾನು ಹಾಲು ಸವರಿದೆ. ಓವನ್ನಿನಿಂದ ತೆಗೆದು ಬಿಸಿಯಿರುವಾಗಲೇ ಕತ್ತರಿಸಬೇಕಂತೆ. ಫೋನು ಬಂತೆಂದು ನಾನು ತಡಮಾಡಿದ್ದಕ್ಕೆ ಮೊದಲ ಟ್ರೇ ಹಪ್ಪಳದಂತೆ ಪುಡಿಪುಡಿ! ‘ಹಾಗೆಲ್’ ಎಂದರೆ ಡಚ್ಚಿನಲ್ಲಿ ಆಲಿಕಲ್ಲು. ಸಕ್ಕರೆ ಹರಳು ಕಾಣುವುದೂ ಹಾಗೆಯೇ.

ಪುಡಿ ಮೆಲ್ಲುತ್ತಾ ಮೊಮ್ಮಗಳು ಕೇಳಿದಳು: “ಅಜ್ಜೀ, ಆ ಚಳಿ ಊರಲ್ಲಿ ದಾಲ್ಚಿನ್ನಿ ಬೆಳೆಯುತ್ತಾ?”

ನಾನು ಇತಿಹಾಸದ ಟೀಚರು. ‘ಡಚ್ಚರು 1602ರಲ್ಲಿ ಈಸ್ಟ್ ಇಂಡಿಯಾ ಕಂಪನಿ ಕಟ್ಟಿದರು, ಸಾಂಬಾರ ಪದಾರ್ಥಕ್ಕಾಗಿ ಬಂದರು’ ಎಂದು ಎಷ್ಟು ವರ್ಷ ನೋಟ್ಸ್ ಬರೆಸಿದ್ದೇನೋ! ನಮ್ಮ ಬಸರೂರಿನಲ್ಲೂ ಅವರ ಕೋಠಿಯಿತ್ತೆಂದು ಸೇರಿಸುತ್ತಿದ್ದೆ. ದಾಲ್ಚಿನ್ನಿ ಸುಲಿದವರು ಯಾರೆಂದು ಮಾತ್ರ ಹೇಳಿರಲಿಲ್ಲ. 1656ರಲ್ಲಿ ಪೋರ್ಚುಗೀಸರಿಂದ ಕೊಲಂಬೊ ಕಸಿದುಕೊಂಡ ಕಂಪನಿ, ಸಿಂಹಳದ ಸಲಾಗಮ ಜಾತಿಯವರನ್ನು ಕಾಡಿಗೆ ಅಟ್ಟಿ ತೊಗಟೆ ಸುಲಿಸುತ್ತಿತ್ತು. ಅದು ಕಡ್ಡಾಯದ ದುಡಿಮೆ. ಕದ್ದು ಮಾರಿದವರಿಗೆ ಮರಣದಂಡನೆಯವರೆಗೂ ಶಿಕ್ಷೆಯಿತ್ತು.

ಹೇಳಿದೆ. ಅವಳು ಕೈಯಲ್ಲಿದ್ದ ಚೂರನ್ನೇ ನೋಡಿದಳು. “ಹಾಗಾದ್ರೆ ತಿನ್ನಬಾರದಾ?”

“ತಿನ್ನು ಪುಟ್ಟಿ. ಅವರನ್ನೂ ನೆನೆದುಕೊಂಡು ತಿನ್ನು.”

ಎರಡನೆಯ ಟ್ರೇ ಬಿಸಿಯಲ್ಲೇ ಕತ್ತರಿಸಿದೆ. ಸೋಮವಾರ ಒಂದು ಡಬ್ಬಿ ತುಂಬಿಸಿ ತರಗತಿಗೆ ಒಯ್ದೆ. ಮಕ್ಕಳು ತಿನ್ನುತ್ತಿರುವಾಗಲೇ, ಇಷ್ಟು ವರ್ಷ ಬಿಟ್ಟುಹೋಗಿದ್ದ ಆ ಸಾಲನ್ನು ಬೋರ್ಡಿನ ಮೇಲೆ ಬರೆದೆ.