ಸಾಲೊಮನ್ನನ ವ್ಯಾಜ್ಯ

ಲಂಡನ್ನಿನ ಪಾದರಕ್ಷೆಗಳ ವರ್ತಕನಾದ ಆರನ್ ಸಾಲೊಮನ್ನನು 1892ರಲ್ಲಿ ತನ್ನ ಉದ್ಯಮವನ್ನು ತಾನೇ ಸ್ಥಾಪಿಸಿದ ಕಂಪೆನಿಗೆ ವಿಕ್ರಯಿಸಿದನು. 20,007 ಷೇರುಗಳಲ್ಲಿ ಪತ್ನೀಪುತ್ರಾದಿಗಳ ಆರನ್ನುಳಿದು ಮಿಕ್ಕವೆಲ್ಲ ಅವನವೇ. ಕ್ರಯದಲ್ಲಿ 10,000 ಪೌಂಡಿಗೆ ಕಂಪೆನಿಯ ಸ್ವತ್ತನ್ನೇ ಆಧಾರವಾಗಿ ಬರೆಯಿಸಿಕೊಂಡನು. ವ್ಯಾಪಾರವು ಕುಗ್ಗಲು, ಆ ಪತ್ರಗಳ ಮೇಲೆ 5,000 ಪೌಂಡು ತಂದು ಕಂಪೆನಿಗೇ ಕೊಟ್ಟನು. ಆದರೂ 1893ರಲ್ಲಿ ಅದು ದಿವಾಳಿಯಾಯಿತು.

ಆ 5,000 ಕೊಟ್ಟವನಿಗೆ ಸಂದ ಮೇಲೆ ಉಳಿದ ಸ್ವತ್ತು ಯಾರದು? ಪತ್ರವುಳ್ಳ ಸಾಲೊಮನ್ನನದೋ, ಬರಿಯ ನಂಬಿಕೆಯಿಂದ ಸಾಲವಿತ್ತವರದೋ? ಕಂಪೆನಿಯು ಅವನ ಛಾಯೆಯೇ ಎಂದು ಕೆಳಗಿನ ಎರಡು ನ್ಯಾಯಸ್ಥಾನಗಳೂ ಋಣವನ್ನು ಅವನ ತಲೆಗೇ ಹೊರಿಸಿದುವು. 1896ರಲ್ಲಿ ಹೌಸ್ ಆಫ್ ಲಾರ್ಡ್ಸ್ ಏಕಮತದಿಂದ ಇದನ್ನು ತಳ್ಳಿಹಾಕಿತು: ಕಂಪೆನಿಯು ಬೇರೆಯೇ ವ್ಯಕ್ತಿ, ಅದರ ಋಣವು ಅದರದೇ.

ದೇವಸ್ವವು ಅರ್ಚಕನದಲ್ಲವೆಂಬುದನ್ನು ಬಲ್ಲವರಿಗೆ ಈ ತತ್ತ್ವವು ಹೊಸದಲ್ಲ. ಸಾಲವಿತ್ತವರಿಗಾದರೋ ಬರಿಗೈಯೇ ಉಳಿಯಿತು. ಆದುದರಿಂದ ಕಂಪೆನಿಗೆ ಸಾಲ ಕೊಡುವವನು ಸ್ಥಾಪಕನ ಮುಖವನ್ನಲ್ಲ, ಕಂಪೆನಿಯ ಪತ್ರಗಳನ್ನು ನೋಡತಕ್ಕದ್ದು.