ಹನ್ನೊಂದನೇ ಲೋಕಸಭೆ (1996-97): ಬಲಾಬಲ ಮತ್ತು ನಾಯಕತ್ವ

ಸ್ವತಂತ್ರ ಭಾರತದ ಸಂಸದೀಯ ಇತಿಹಾಸದಲ್ಲಿ ಹನ್ನೊಂದನೇ ಲೋಕಸಭೆಗೆ ವಿಶಿಷ್ಟ ಸ್ಥಾನವಿದೆ. 1996ರ ಮೇ ತಿಂಗಳಿನಲ್ಲಿ ಅಸ್ತಿತ್ವಕ್ಕೆ ಬಂದ ಈ ಸದನ 1997ರ ಡಿಸೆಂಬರ್ 4ರಂದು ವಿಸರ್ಜನೆಗೊಂಡಿತು. ಸುಮಾರು ಒಂದೂವರೆ ವರ್ಷದ ಈ ಅವಧಿಯಲ್ಲಿ ದೇಶ ಮೂವರು ಪ್ರಧಾನಿಗಳನ್ನು ಕಂಡಿತು. ಅವರಲ್ಲಿ ಇಬ್ಬರು ಲೋಕಸಭೆಯ ಸದಸ್ಯರೇ ಆಗಿರಲಿಲ್ಲ. ಸರ್ಕಾರದ ಅಳಿವು ಉಳಿವು ಸದನದಲ್ಲಿ ನಿರ್ಧಾರವಾಗುತ್ತಿದ್ದರೂ ಸೂತ್ರ ಮಾತ್ರ ಬಹುಪಾಲು ಸದನದ ಹೊರಗಿತ್ತು.

ಪಕ್ಷಗಳ ಬಲಾಬಲ

543 ಚುನಾಯಿತ ಸ್ಥಾನಗಳ ಸದನದಲ್ಲಿ ಬಹುಮತಕ್ಕೆ 272 ಸದಸ್ಯರ ಬೆಂಬಲ ಅಗತ್ಯ. ಯಾವ ಪಕ್ಷವೂ ಆ ಸಂಖ್ಯೆಯ ಸಮೀಪಕ್ಕೂ ಬರಲಿಲ್ಲ. ಪ್ರಮುಖ ಪಕ್ಷಗಳು ಗಳಿಸಿದ ಸ್ಥಾನಗಳು ಹೀಗಿದ್ದವು:

ಭಾರತೀಯ ಜನತಾ ಪಕ್ಷ - 161
ಕಾಂಗ್ರೆಸ್ - 140
ಜನತಾ ದಳ - 46
ಸಿಪಿಐ(ಎಂ) - 32
ತಮಿಳು ಮಾನಿಲ ಕಾಂಗ್ರೆಸ್ - 20
ಡಿಎಂಕೆ - 17
ಸಮಾಜವಾದಿ ಪಕ್ಷ - 17
ತೆಲುಗು ದೇಶಂ - 16
ಶಿವಸೇನೆ - 15
ಸಿಪಿಐ - 12
ಬಿಎಸ್‌ಪಿ - 11

ಬಿಜೆಪಿ ಮೊದಲ ಬಾರಿಗೆ ಅತಿ ದೊಡ್ಡ ಪಕ್ಷವಾಗಿ ಹೊರಹೊಮ್ಮಿತಾದರೂ ಶಿವಸೇನೆ, ಸಮತಾ ಪಕ್ಷ, ಅಕಾಲಿದಳ ಮುಂತಾದ ಮಿತ್ರರನ್ನು ಕೂಡಿಸಿಕೊಂಡರೂ 200ರ ಗಡಿ ದಾಟಲಿಲ್ಲ. ಹೀಗಾಗಿ 140 ಸ್ಥಾನಗಳ ಕಾಂಗ್ರೆಸ್, ಅಧಿಕಾರದಲ್ಲಿ ಪಾಲು ಪಡೆಯದೆಯೇ ಅಧಿಕಾರದ ಕೀಲಿಕೈ ಹಿಡಿಯಿತು.

ಮೂವರು ಪ್ರಧಾನಿಗಳು

ರಾಷ್ಟ್ರಪತಿ ಶಂಕರ ದಯಾಳ ಶರ್ಮಾ ಅವರ ಆಹ್ವಾನದಂತೆ ಅಟಲ್ ಬಿಹಾರಿ ವಾಜಪೇಯಿ 1996ರ ಮೇ 16ರಂದು ಪ್ರಮಾಣವಚನ ಸ್ವೀಕರಿಸಿದರು. ವಿಶ್ವಾಸಮತದ ಚರ್ಚೆಯನ್ನು ದೂರದರ್ಶನ ನೇರವಾಗಿ ಪ್ರಸಾರ ಮಾಡಿತು. ಸೋಲು ಖಚಿತವಾದಾಗ, ಮತಕ್ಕೆ ಹಾಕುವ ಮೊದಲೇ, ಮೇ 28ರಂದು ವಾಜಪೇಯಿ ರಾಜೀನಾಮೆ ಘೋಷಿಸಿದರು.

ಬಳಿಕ 13 ಪಕ್ಷಗಳ ಸಂಯುಕ್ತ ರಂಗ ಎಚ್.ಡಿ. ದೇವೇಗೌಡರನ್ನು ನಾಯಕರನ್ನಾಗಿ ಆರಿಸಿತು. ಪಶ್ಚಿಮ ಬಂಗಾಳದ ಮುಖ್ಯಮಂತ್ರಿ ಜ್ಯೋತಿ ಬಸು ಅವರ ಹೆಸರು ಮುಂಚೂಣಿಯಲ್ಲಿತ್ತಾದರೂ ಅವರ ಪಕ್ಷ ಒಪ್ಪಿರಲಿಲ್ಲ. ಜೂನ್ 1ರಂದು ಅಧಿಕಾರ ವಹಿಸಿಕೊಂಡ ದೇವೇಗೌಡರು ಸೆಪ್ಟೆಂಬರ್‌ನಲ್ಲಿ ಕರ್ನಾಟಕದಿಂದ ರಾಜ್ಯಸಭೆಗೆ ಆಯ್ಕೆಯಾದರು. ಸಿಪಿಐ ಸಂಪುಟ ಸೇರಿದ್ದು ಮತ್ತೊಂದು ವಿಶೇಷ. ಇಂದ್ರಜಿತ್ ಗುಪ್ತಾ ಗೃಹ ಖಾತೆ ವಹಿಸಿಕೊಂಡರು. ಕಮ್ಯುನಿಸ್ಟರು ಕೇಂದ್ರ ಸಂಪುಟದಲ್ಲಿ ಸ್ಥಾನ ಪಡೆದದ್ದು ಅದೇ ಮೊದಲು.

ಕಾಂಗ್ರೆಸ್ ಅಧ್ಯಕ್ಷ ಸೀತಾರಾಮ ಕೇಸರಿ 1997ರ ಮಾರ್ಚ್ 30ರಂದು ಬೆಂಬಲ ಹಿಂತೆಗೆದುಕೊಂಡರು. ಏಪ್ರಿಲ್ 11ರಂದು ನಡೆದ ಮತದಾನದಲ್ಲಿ ಸರ್ಕಾರದ ಪರ 158, ವಿರುದ್ಧ 292 ಮತಗಳು ಬಿದ್ದವು. ಬೆಂಬಲ ಹಿಂತೆಗೆದುಕೊಂಡ ಕೇಸರಿಯವರೂ ಅಧಿಕಾರ ಕಳೆದುಕೊಂಡ ದೇವೇಗೌಡರೂ ರಾಜ್ಯಸಭಾ ಸದಸ್ಯರಾಗಿದ್ದರು. ಈ ನಿರ್ಣಾಯಕ ಮತದಾನದಲ್ಲಿ ಇಬ್ಬರಿಗೂ ಮತದ ಹಕ್ಕಿರಲಿಲ್ಲ.

ನಾಯಕನನ್ನು ಬದಲಿಸಿದರೆ ಬೆಂಬಲ ಮುಂದುವರಿಸುವುದಾಗಿ ಕಾಂಗ್ರೆಸ್ ಒಪ್ಪಿದ್ದರಿಂದ, ರಾಜ್ಯಸಭೆಯವರೇ ಆದ ಐ.ಕೆ. ಗುಜ್ರಾಲ್ ಏಪ್ರಿಲ್ 21ರಂದು ಪ್ರಧಾನಿಯಾದರು.

ಸದನದ ನಾಯಕತ್ವ

ಸರ್ಕಾರಗಳು ಬದಲಾದರೂ ಸ್ಪೀಕರ್ ಪೀಠ ಸ್ಥಿರವಾಗಿತ್ತು. ಮೇಘಾಲಯದ ತುರಾ ಕ್ಷೇತ್ರದ ಪಿ.ಎ. ಸಂಗ್ಮಾ 1996ರ ಮೇ 23ರಂದು ಅವಿರೋಧವಾಗಿ ಆಯ್ಕೆಯಾದರು. ವಾಜಪೇಯಿ ಸರ್ಕಾರವಿದ್ದಾಗ ವಿರೋಧ ಪಕ್ಷವಾದ ಕಾಂಗ್ರೆಸ್ಸಿನ ಸದಸ್ಯರೊಬ್ಬರು ಈ ಪೀಠವೇರಿದ್ದು ಗಮನಾರ್ಹ. ಬಿಜೆಪಿಯ ಸೂರಜ್ ಭಾನ್ ಉಪಸ್ಪೀಕರ್ ಆಗಿದ್ದರು. ಇಬ್ಬರು ಪ್ರಧಾನಿಗಳು ರಾಜ್ಯಸಭೆಯವರಾದ್ದರಿಂದ ಸಂಯುಕ್ತ ರಂಗದ ಅವಧಿಯಲ್ಲಿ ರೈಲ್ವೆ ಸಚಿವ ರಾಮ್ ವಿಲಾಸ್ ಪಾಸ್ವಾನ್ ಲೋಕಸಭೆಯ ಸದನ ನಾಯಕರಾದರು. ವಾಜಪೇಯಿ ವಿರೋಧ ಪಕ್ಷದ ನಾಯಕರಾಗಿದ್ದರು.

ಕರ್ನಾಟಕದ ಪಾಲು

ರಾಜ್ಯದ 28 ಸ್ಥಾನಗಳಲ್ಲಿ ಜನತಾ ದಳ 16, ಬಿಜೆಪಿ 6, ಕಾಂಗ್ರೆಸ್ 5 ಗೆದ್ದವು. ಶಿವಮೊಗ್ಗದಲ್ಲಿ ಎಸ್. ಬಂಗಾರಪ್ಪ ಕರ್ನಾಟಕ ಕಾಂಗ್ರೆಸ್ ಪಕ್ಷದಿಂದ ಜಯಗಳಿಸಿದರು. ಬೆಂಗಳೂರು ದಕ್ಷಿಣದಿಂದ ಅನಂತಕುಮಾರ್ ಮೊದಲ ಬಾರಿಗೆ ಲೋಕಸಭೆ ಪ್ರವೇಶಿಸಿದ್ದು ಇದೇ ಚುನಾವಣೆಯಲ್ಲಿ. ಜನತಾ ದಳದ 46 ಸ್ಥಾನಗಳಲ್ಲಿ ಮೂರನೇ ಒಂದಕ್ಕೂ ಹೆಚ್ಚು ಕರ್ನಾಟಕದ್ದಾಗಿದ್ದವು. ದೇವೇಗೌಡರ ಆಯ್ಕೆಗೆ ಇದು ಬಲ ನೀಡಿತು. ಕೇಂದ್ರ ಸಂಪುಟದಲ್ಲಿ ಎಸ್.ಆರ್. ಬೊಮ್ಮಾಯಿ ಮಾನವ ಸಂಪನ್ಮೂಲ ಅಭಿವೃದ್ಧಿ ಸಚಿವರಾದರು. ರಾಜ್ಯದಲ್ಲಿ ಜೆ.ಎಚ್. ಪಟೇಲ್ ಮುಖ್ಯಮಂತ್ರಿಯಾದರು.

ಶಾಸನ ಕಾರ್ಯ

ಅಸ್ಥಿರತೆಯ ನಡುವೆಯೂ ಸದನ ಕೆಲವು ಮಹತ್ವದ ಕಾರ್ಯಗಳನ್ನು ನೆರವೇರಿಸಿತು. ಪಂಚಾಯತಿ ವ್ಯವಸ್ಥೆಯನ್ನು ಬುಡಕಟ್ಟು ಪ್ರದೇಶಗಳಿಗೆ ವಿಸ್ತರಿಸುವ ಕಾಯಿದೆ 1996ರ ಡಿಸೆಂಬರ್‌ನಲ್ಲಿ ಜಾರಿಗೆ ಬಂದಿತು. ಪ್ರಜಾಪ್ರತಿನಿಧಿ ಕಾಯಿದೆಯ ತಿದ್ದುಪಡಿ, ಲೋಕಸಭಾ ಅಭ್ಯರ್ಥಿಯ ಠೇವಣಿಯನ್ನು 500 ರೂಪಾಯಿಯಿಂದ 10,000 ರೂಪಾಯಿಗೆ ಏರಿಸಿತು. ಪರಿಣಾಮವಾಗಿ 1996ರಲ್ಲಿ 13,952 ಇದ್ದ ಅಭ್ಯರ್ಥಿಗಳ ಸಂಖ್ಯೆ 1998ರಲ್ಲಿ 4,750ಕ್ಕೆ ಇಳಿಯಿತು.

ಶಾಸನಸಭೆಗಳಲ್ಲಿ ಮಹಿಳೆಯರಿಗೆ ಮೂರನೇ ಒಂದು ಭಾಗ ಸ್ಥಾನ ಮೀಸಲಿಡುವ ಮಸೂದೆ ಮೊದಲು ಮಂಡನೆಯಾದದ್ದು 1996ರ ಸೆಪ್ಟೆಂಬರ್ 12ರಂದು, ಇದೇ ಸದನದಲ್ಲಿ. ಗೀತಾ ಮುಖರ್ಜಿ ನೇತೃತ್ವದ ಜಂಟಿ ಸಮಿತಿ ವರದಿ ನೀಡಿತಾದರೂ ಸದನದ ವಿಸರ್ಜನೆಯೊಂದಿಗೆ ಮಸೂದೆ ಬಿದ್ದುಹೋಯಿತು. ಇಂಥ ಮೀಸಲಾತಿ ಸಂವಿಧಾನದ 106ನೇ ತಿದ್ದುಪಡಿಯ ರೂಪದಲ್ಲಿ ಅಂಗೀಕಾರವಾದದ್ದು 2023ರಲ್ಲಿ.

ವಿಸರ್ಜನೆ

ರಾಜೀವ್ ಗಾಂಧಿ ಹತ್ಯೆ ಕುರಿತ ಜೈನ್ ಆಯೋಗದ ಮಧ್ಯಂತರ ವರದಿ ಬಹಿರಂಗವಾದಾಗ, ಡಿಎಂಕೆ ಸಚಿವರನ್ನು ಕೈಬಿಡುವಂತೆ ಕಾಂಗ್ರೆಸ್ ಒತ್ತಾಯಿಸಿತು. ಗುಜ್ರಾಲ್ ಒಪ್ಪಲಿಲ್ಲ. 1997ರ ನವೆಂಬರ್ 28ರಂದು ಕಾಂಗ್ರೆಸ್ ಬೆಂಬಲ ಹಿಂತೆಗೆದುಕೊಂಡಿತು. ಸರ್ಕಾರ ರಾಜೀನಾಮೆ ನೀಡಿತು. ಪರ್ಯಾಯ ಸರ್ಕಾರ ಸಾಧ್ಯವಾಗದೆ ರಾಷ್ಟ್ರಪತಿ ಕೆ.ಆರ್. ನಾರಾಯಣನ್ ಸದನವನ್ನು ವಿಸರ್ಜಿಸಿದರು. ಐದು ವರ್ಷಕ್ಕೆಂದು ಮತ ನೀಡಿದ್ದ ಜನತೆ ಎರಡೇ ವರ್ಷದೊಳಗೆ, 1998ರ ಫೆಬ್ರವರಿಯಲ್ಲಿ, ಮತ್ತೆ ಮತಗಟ್ಟೆಗೆ ಹೋಗಬೇಕಾಯಿತು.